ಹುಟ್ಟು ಹಿಡಿದವಳ ಹೊಟ್ಟೆಕಿಚ್ಚು

ಯಾವ ಕಾಲ ಎಂದು ಕೇಳಬೇಡಿ, ನನಗೂ ತಿಳಿಯದು. ಬಹಳ ಹಿಂದೆ, ಹವಳದ ಕಡಲಿನ ದಂಡೆಯಲ್ಲಿ ಶಂಖಾವತಿ ಎಂಬ ರಾಜ್ಯವಿತ್ತು. ಅದರ ಎದುರಿಗೆ, ದೋಣಿಯಲ್ಲಿ ಒಂದೇ ಹಗಲಿಗೆ ಸುತ್ತಿ ಬರಬಹುದಾದ ಮೂರು ದ್ವೀಪಗಳು. ಮೊದಲನೆಯದರ ಹೆಸರು ಬೆಳ್ಮರಳು, ಎರಡನೆಯದು ಆಮೆಬೆನ್ನು, ಮೂರನೆಯದು ಕರಿಗೋಡು. ದೇಶದೇಶದ ರಾಜರು, ರಾಣಿಯರು, ವರ್ತಕರು ಅವನ್ನು ನೋಡಲು ಬರುತ್ತಿದ್ದರು. ನೆಲದ ಮೇಲೆ ನೋಡುವಂಥದ್ದು ಅಲ್ಲಿ ಹೆಚ್ಚೇನೂ ಇರಲಿಲ್ಲ. ನೋಡಬೇಕಾದದ್ದೆಲ್ಲ ನೀರಿನೊಳಗಿತ್ತು.

ಅದನ್ನು ತೋರಿಸುವವನು ದುಗ್ಗ. ಬಂದವರ ಕಣ್ಣಿಗೆ ಮೇಣ ಮೆತ್ತಿದ ಗಾಜಿನ ಕನ್ನಡಕ ಕಟ್ಟುತ್ತಿದ್ದ, ಬಾಯಿಗೆ ಬಿದಿರಿನ ಕೊಳವೆ ಕೊಡುತ್ತಿದ್ದ. ಮುಖ ನೀರಿನೊಳಗಿರಲಿ, ಕೊಳವೆಯ ತುದಿ ಮೇಲಿರಲಿ, ಉಸಿರು ನಿಧಾನವಾಗಿರಲಿ ಎಂದು ಹೇಳಿಕೊಡುತ್ತಿದ್ದ. ಆಮೇಲೆ ಕೈ ಹಿಡಿದು ಈಜಿಸಿಕೊಂಡು ಹೋಗುತ್ತಿದ್ದ. ಹೊಸಬರ ಕೈಯನ್ನು ಒಂದು ಗಳಿಗೆಯೂ ಬಿಡಬಾರದು ಎಂಬುದು ಆ ಕಸುಬಿನ ಕಟ್ಟಳೆ.

ಹುಟ್ಟು ಹಾಕುವವಳು ಅವನ ಹೆಂಡತಿ ಹೊನ್ನಿ. ಹವಳ ಮುರಿಯುತ್ತದೆಂದು ಆ ರಾಜ್ಯದಲ್ಲಿ ಲಂಗರು ಬಿಡುವ ಹಾಗಿರಲಿಲ್ಲ. ಬಿಟ್ಟವರ ತಲೆ ಬೋಳಿಸಿ ಊರು ಬಿಡಿಸುತ್ತಿದ್ದರು. ಹಾಗಾಗಿ ದುಗ್ಗ ನೀರಿಗಿಳಿದಾಗಲೆಲ್ಲ, ದೋಣಿ ಕೊಚ್ಚಿಹೋಗದಂತೆ ಒಬ್ಬರು ಹುಟ್ಟು ಹಿಡಿದು ಕೂತಿರಲೇಬೇಕು. ಆ ಒಬ್ಬರು ಯಾವಾಗಲೂ ಹೊನ್ನಿ. ಮದುವೆಯಾಗಿ ಏಳು ವರ್ಷವಾಗಿತ್ತು, ಕೆಳಗೆ ಏನಿದೆ ಎಂದು ಅವಳು ಒಂದು ಸಲವೂ ನೋಡಿರಲಿಲ್ಲ. ಕೇಳಿದಾಗಲೆಲ್ಲ ದುಗ್ಗ ಮುಂದಿನ ಸಲ ಕರೆದುಕೊಂಡು ಹೋಗುತ್ತೇನೆ ಎನ್ನುತ್ತಿದ್ದ. ಗಂಡಂದಿರ ಮುಂದಿನ ಸಲ ಯಾವಾಗ ಬರುತ್ತದೆಂದು ನಿಮಗೂ ಗೊತ್ತು.

ಒಂದು ಬೆಳಿಗ್ಗೆ ಮೂಡಣ ದೇಶದ ರಾಜಕುಮಾರಿ ಕನಕರೇಖೆ ದ್ವೀಪ ನೋಡಲು ಬಂದಳು. ಜೊತೆಗೆ ಹನ್ನೆರಡು ಮಂದಿ ಕಾವಲಿನವರು. ದೋಣಿ ಹತ್ತು ಮಾರು ಹೋಗುವುದರೊಳಗೆ ಹನ್ನೆರಡೂ ಮಂದಿ ವಾಂತಿ ಮಾಡಿಕೊಂಡರು. ಅವರನ್ನು ದಡಕ್ಕೆ ಬಿಟ್ಟು, ರಾಜಕುಮಾರಿ ಒಬ್ಬಳೇ ಹೊರಟಳು. ಚೆಂದದ ಹುಡುಗಿ, ನಗುಮುಖ, ಬಾಯಿಗೆ ಬಿಡುವಿಲ್ಲ. ಅವಳ ಕನ್ನಡಕದ ದಾರವನ್ನು ದುಗ್ಗ ಮೂರು ಸಲ ಕಟ್ಟಿದ. ಒಂದು ಸಲ ಕಟ್ಟಿದ್ದರೆ ಸಾಕಾಗುತ್ತಿರಲಿಲ್ಲವೇ ಎಂದು ಹೊನ್ನಿಗೆ ಅನ್ನಿಸಿತು.

ಬೆಳ್ಮರಳಿನ ಹತ್ತಿರ ದುಗ್ಗನೂ ರಾಜಕುಮಾರಿಯೂ ಕೈ ಹಿಡಿದುಕೊಂಡು ನೀರಿಗಿಳಿದರು. ಎರಡು ಕೊಳವೆಗಳ ತುದಿ ಮಾತ್ರ ಕಾಣುತ್ತಿತ್ತು, ಅದೂ ಅಕ್ಕಪಕ್ಕದಲ್ಲೇ. ಹೊನ್ನಿ ನೋಡುತ್ತ ಕೂತಳು. ಆಗ ಒಂದು ಕಡಲಹಕ್ಕಿ ಬಂದು ದೋಣಿಯ ಮೂತಿಯ ಮೇಲೆ ಕೂತಿತು. ಅದಕ್ಕೆ ಮನುಷ್ಯರ ಕಣ್ಣಿತ್ತು, ಮನುಷ್ಯರ ಮಾತೂ ಬರುತ್ತಿತ್ತು.

"ಹೊನ್ನಿ, ಹೊನ್ನಿ, ನಿನ್ನ ಗಂಡ ಎಲ್ಲಿ?"

"ಕೆಳಗೆ."

"ಯಾರ ಕೈ ಹಿಡಿದಿದ್ದಾನೆ?"

"ರಾಜಕುಮಾರಿಯ ಕೈ."

"ನಿನ್ನ ಕೈಯಲ್ಲಿ ಏನಿದೆ?"

"ಹುಟ್ಟು," ಎಂದಳು ಹೊನ್ನಿ. "ಅಷ್ಟು ಚೆಂದ ಇದ್ರೆ ಅವ ಅಲ್ಲೇ ಇದ್ದುಬಿಡ್ಲಿ."

ಹಕ್ಕಿ ಹಾರಿಹೋಯಿತು. ರಾಜಕುಮಾರಿ ಮೇಲೆ ಬಂದು ಕಂಡದ್ದನ್ನೆಲ್ಲ ಒಂದೇ ಉಸಿರಿಗೆ ಹೇಳತೊಡಗಿದಳು. ಕೆಳಗೆ ಮೀನುಗಳ ಸಂತೆ ನಡೆದಿತ್ತಂತೆ, ಸೀಗಡಿಯೊಂದು ತಕ್ಕಡಿ ಹಿಡಿದು ಮುತ್ತು ತೂಗುತ್ತಿತ್ತಂತೆ. ಹೊನ್ನಿ ಇಬ್ಬರಿಗೂ ಎಳನೀರು ಕೆತ್ತಿಕೊಟ್ಟಳು. ಏಳು ವರ್ಷದಿಂದ ಸಂತೆ ನಡೆಯುತ್ತಿದೆ, ದುಗ್ಗ ಮನೆಗೆ ಬಂದು ಒಂದು ದಿನವೂ ಅದರ ಸುದ್ದಿ ಎತ್ತಿದವನಲ್ಲ. ಬಂದವನೇ ಉಂಡು ಮಲಗುತ್ತಿದ್ದ.

ಆಮೆಬೆನ್ನಿನಲ್ಲಿ ಮತ್ತೆ ಇಬ್ಬರೂ ಕೈ ಹಿಡಿದುಕೊಂಡು ಇಳಿದರು. ಈ ಸಲ ಹೆಚ್ಚು ಹೊತ್ತು ಹಿಡಿಯಿತು. ಬಿಸಿಲು ಏರಿತು, ಹೊನ್ನಿಯ ಅಂಗೈ ಉರಿಯಿತು. ಅದಕ್ಕಿಂತ ಹೊಟ್ಟೆ ಹೆಚ್ಚು ಉರಿಯಿತು. ನೀರಿನೊಳಗಿಂದ ಒಂದು ದೊಡ್ಡ ಆಮೆ ತಲೆ ಎತ್ತಿತು. ಅದಕ್ಕೂ ಅದೇ ಕಣ್ಣು.

"ಹೊನ್ನಿ, ಹೊನ್ನಿ, ನಿನ್ನ ಗಂಡ ಎಲ್ಲಿ?"

"ಕೆಳಗೆ."

"ಯಾರ ಕೈ ಹಿಡಿದಿದ್ದಾನೆ?"

"ಅವಳದ್ದೇ."

"ನಿನ್ನ ಕೈಯಲ್ಲಿ ಏನಿದೆ?"

"ಹುಟ್ಟು. ಮತ್ತೆಂತ ಇರ್ತದೆ ನನ್ನ ಕೈಲಿ? ಅವ ಅಲ್ಲೇ ಇದ್ದುಬಿಡ್ಲಿ."

ಆಮೆ ಮುಳುಗಿತು. ರಾಜಕುಮಾರಿ ಮೇಲೆ ಬಂದು, ನಕ್ಕರೆ ಬಣ್ಣ ಬದಲಿಸುವ ಹವಳ ನೋಡಿದೆ, ದುಗ್ಗ ನಕ್ಕಾಗ ಅದು ಕೆಂಪಾಯಿತು ಎಂದಳು. ದುಗ್ಗ ನೀರಿನೊಳಗೆ ನಗುತ್ತಾನೆಂಬುದೇ ಹೊನ್ನಿಗೆ ಹೊಸ ಸುದ್ದಿ. ಊಟಕ್ಕೆ ತಂದಿದ್ದ ಅವಲಕ್ಕಿಯನ್ನು ರಾಜಕುಮಾರಿಗೆ ತುಂಬ ಬಡಿಸಿ, ದುಗ್ಗನಿಗೆ ಎರಡು ಹಿಡಿ ಹಾಕಿದಳು. ಅವನು ಅದನ್ನೂ ಗಮನಿಸಲಿಲ್ಲ. ಕರಿಗೋಡಿನಲ್ಲಿ ಏನೇನು ತೋರಿಸುತ್ತೇನೆಂದು ಹೇಳುವುದರಲ್ಲೇ ಇದ್ದ.

ಕರಿಗೋಡು ಕಪ್ಪು ಬಂಡೆಯ ದ್ವೀಪ. ಇಬ್ಬರೂ ಮೂರನೆಯ ಸಲ ನೀರಿಗಿಳಿದರು. ಬಂಡೆಯ ಮೇಲೆ ಒಬ್ಬ ಮುದುಕ ಕೂತಿದ್ದ. ಅವನ ಗಡ್ಡವೆಲ್ಲ ಬಿಳಿಯ ಉಪ್ಪು, ಮೊಣಕಾಲಿನ ತನಕ ಇಳಿದಿತ್ತು. ಕಣ್ಣು ಮಾತ್ರ ಆ ಹಕ್ಕಿಯದ್ದೇ, ಆ ಆಮೆಯದ್ದೇ. ಅವನೂ ಅದೇ ಮೂರು ಮಾತು ಕೇಳಿದ, ಹೊನ್ನಿ ಅದೇ ಮೂರು ಉತ್ತರ ಕೊಟ್ಟಳು. ಕೊನೆಗೆ, ಏಳು ವರ್ಷದ ಉರಿಯೆಲ್ಲ ಒಟ್ಟಿಗೆ ಬಾಯಿಗೆ ಬಂದು, ಮೂರನೆಯ ಸಲ ಹೇಳಿದಳು.

"ಅವ ಅಲ್ಲೇ ಇದ್ದುಬಿಡ್ಲಿ."

ಮುದುಕ ಚಪ್ಪಾಳೆ ತಟ್ಟಿದ. ಅವನ ಗಡ್ಡ ಒಂದು ಗೇಣು ಬೆಳೆಯಿತು.

ರಾಜಕುಮಾರಿ ನೀರಿನಿಂದ ತಲೆ ಎತ್ತಿದಳು. ಕೊಳವೆ ಉಗುಳಿ, ದುಗ್ಗ ನನ್ನ ಕೈ ಹಿಡಿದಿದ್ದ, ಈಗ ಕೈಯಲ್ಲಿ ಏನೂ ಇಲ್ಲ ಎಂದಳು. ಹೊನ್ನಿ ಅವಳನ್ನು ದೋಣಿಗೆ ಎಳೆದುಕೊಂಡಳು.

ಮುದುಕ ತನ್ನ ಹೆಸರು ಕ್ಷಾರಕಂಠ ಎಂದ. ಅವನು ಮಾಯಾವಿ. ಜನರ ಹೊಟ್ಟೆಕಿಚ್ಚಿನ ಮಾತನ್ನೇ ತಿಂದು ಬದುಕುವವನು. ಕಡಲಿನ ಮೇಲೆ ಮೂರು ಸಲ ಆಡಿದ ಮಾತು ಅವನ ಪಾಲಿಗೆ ಬೀಳುತ್ತಿತ್ತು. ಈ ಬಂಡೆಯ ಸುತ್ತ ಏಳುನೂರು ಮೀನುಗಳಿವೆ, ಎಲ್ಲರೂ ಯಾರದೋ ಹೊಟ್ಟೆಕಿಚ್ಚಿಗೆ ಸಿಕ್ಕ ಮನುಷ್ಯರೇ, ನಿನ್ನ ಗಂಡನೂ ಈಗ ಅವರಲ್ಲಿ ಒಬ್ಬ ಎಂದ. ಮಾಯಾವಿಗಳಿಗೆ ಪಂಥ ಕಟ್ಟುವ ಚಟವಿರುತ್ತದೆ, ಇಲ್ಲದಿದ್ದರೆ ಈ ಲೋಕ ಎಂದೋ ಅವರದಾಗುತ್ತಿತ್ತು. ಇವನೂ ಕಟ್ಟಿದ.

"ಮೂರು ಸಲ ಮುಟ್ಟಬಹುದು. ಗಂಡನನ್ನು ಮುಟ್ಟಿದರೆ ಏಳುನೂರು ಮಂದಿಗೂ ಬಿಡುಗಡೆ. ಮೂರೂ ತಪ್ಪಿದರೆ ನೀನು ಏಳುನೂರ ಒಂದನೆಯವಳು."

ಹೊನ್ನಿ ಎದ್ದು ನಿಂತಳು, ಮತ್ತೆ ಕೂತಳು. ಅವಳು ಇಳಿದರೆ ದೋಣಿ ನೋಡಿಕೊಳ್ಳುವವರು ಯಾರು? ರಾಜಕುಮಾರಿ ಒಂದು ಮಾತೂ ಆಡದೆ ಅವಳ ಕೈಯಿಂದ ಹುಟ್ಟನ್ನು ತೆಗೆದುಕೊಂಡಳು. ಮೊದಲು ದೋಣಿ ಒಂದು ಸುತ್ತು ತಿರುಗಿತು, ಆಮೇಲೆ ನಿಂತಿತು. ಇಷ್ಟೇ ಕೆಲಸ. ಇಷ್ಟಕ್ಕೆ ಏಳು ವರ್ಷ ಬೇರೆ ಯಾರೂ ಇರಲಿಲ್ಲವೇ ಎಂದುಕೊಳ್ಳುತ್ತ ಹೊನ್ನಿ ಕನ್ನಡಕ ಕಟ್ಟಿಕೊಂಡು, ಕೊಳವೆ ಕಚ್ಚಿಕೊಂಡು, ನೀರಿಗೆ ಮುಖ ಹಾಕಿದಳು.

ಗಂಡನನ್ನು ಹುಡುಕಲು ಇಳಿದವಳು ಒಂದು ಕ್ಷಣ ಗಂಡನನ್ನೇ ಮರೆತಳು. ಕೆಳಗೆ ಹವಳದ ಕಾಡಿತ್ತು. ಹಳದಿ ಕೊಂಬೆ, ನೀಲಿ ಕೊಂಬೆ, ಅವುಗಳ ನಡುವೆ ಬಿಸಿಲು ತುಂಡುತುಂಡಾಗಿ ಓಡಾಡುತ್ತಿತ್ತು. ಪುಟ್ಟ ಕಡಲಕುದುರೆಗಳು ಚಿಪ್ಪಿನ ಗಾಡಿ ಎಳೆದುಕೊಂಡು ಹೋದವು. ಅವಳಿಗೆ ಸಂತೋಷವಾಯಿತು, ಅದರ ಬೆನ್ನಿಗೇ ಹೊಟ್ಟೆಕಿಚ್ಚು ಇನ್ನಷ್ಟು ಹತ್ತಿತು. ಇಷ್ಟನ್ನೂ ದಿನಾ ನೋಡುತ್ತಿದ್ದನಲ್ಲ. ಕಂಡಕಂಡವರಿಗೆಲ್ಲ ತೋರಿಸಿದನಲ್ಲ, ನನ್ನನ್ನು ಬಿಟ್ಟು.

ಆಗ ಏಳುನೂರು ಮೀನುಗಳೂ ಬಂದು ಅವಳನ್ನು ಸುತ್ತಿದವು.

ಅವುಗಳಲ್ಲಿ ಎಲ್ಲಕ್ಕಿಂತ ಚೆಂದದ ಮೀನೊಂದಿತ್ತು. ಹಸಿರು ಮೈ, ಬಂಗಾರದ ರೆಕ್ಕೆ. ಎಲ್ಲರ ಕಣ್ಣೂ ನನ್ನ ಗಂಡನ ಮೇಲೆಯೇ ಇರುತ್ತದೆ, ಇವನೇ ಇರಬೇಕು ಎಂದು ಹೊನ್ನಿ ಅದನ್ನು ಮುಟ್ಟಿದಳು. ಅದು ದುಗ್ಗನಲ್ಲ. ಬಂಡೆಯ ಮೇಲಿಂದ ಕ್ಷಾರಕಂಠ ಒಂದು ಎಂದ.

ಇನ್ನೊಂದು ಮೀನು ಅವಳ ಮುಖದ ಮುಂದೆಯೇ ಬಂದು ನಿಂತು, ಕಣ್ಣಲ್ಲಿ ಕಣ್ಣಿಟ್ಟು ನೋಡಿತು. ಎತ್ತ ತಿರುಗಿದರೂ ಅದು ಅವಳನ್ನೇ ನೋಡುತ್ತಿತ್ತು. ದುಗ್ಗ ಹಾಗೆ ನೋಡಿ ಎಷ್ಟು ಕಾಲವಾಗಿತ್ತೋ. ಹೊನ್ನಿಯ ಎದೆ ಕರಗಿತು, ನನ್ನನ್ನು ಗುರುತಿಸಿದ ಎಂದು ಅದನ್ನು ಮುಟ್ಟಿದಳು. ಅದೂ ದುಗ್ಗನಲ್ಲ, ಯಾರದೋ ಗಂಡ. ಕ್ಷಾರಕಂಠ ಎರಡು ಎಂದ.

ಹೊನ್ನಿಗೆ ಅಳು ಬಂತು. ನೀರಿನೊಳಗೆ ಅಳಬಾರದು ಎಂದು ಅವಳಿಗೆ ಯಾರು ಹೇಳಿಕೊಟ್ಟಿದ್ದರು? ಬಿಕ್ಕಿದ ರಭಸಕ್ಕೆ ಕನ್ನಡಕ ಜಾರಿತು, ಕೊಳವೆ ಓರೆಯಾಯಿತು, ಉಪ್ಪುನೀರು ಮೂಗಿಗೂ ಬಾಯಿಗೂ ನುಗ್ಗಿತು. ಮೇಲೆ ಯಾವುದು, ಕೆಳಗೆ ಯಾವುದು ಎಂದು ತಿಳಿಯಲಿಲ್ಲ. ಅವಳು ನೀರು ಕುಡಿಯುತ್ತ, ಕೈ ಬಡಿಯುತ್ತ ಕೆಳಗಿಳಿದಳು. ಬಂಗಾರದ ರೆಕ್ಕೆಯದು ಹೆದರಿ ಓಡಿಹೋಯಿತು. ಕಣ್ಣಲ್ಲಿ ಕಣ್ಣಿಟ್ಟದ್ದು ದೂರ ಸರಿದು ನೋಡುತ್ತ ನಿಂತಿತು.

ಗುಂಪಿನ ಹಿಂದಿನಿಂದ ಮಣ್ಣಿನ ಬಣ್ಣದ, ಅಂಗೈ ಅಗಲದ ಒಂದು ಮೀನು ನುಗ್ಗಿ ಬಂತು. ಅದು ಅವಳ ಮುಖ ನೋಡಲಿಲ್ಲ. ನೇರ ಅವಳ ಬಲಗೈಗೆ ಬಂದು, ಅಂಗೈಗೆ ತಲೆಯಿಟ್ಟು ಮೇಲಕ್ಕೆ ನೂಕಿತು. ಅವಳು ಎಳೆದುಕೊಂಡರೆ ಮತ್ತೆ ನೂಕಿತು. ಎಷ್ಟು ಒದ್ದಾಡಿದರೂ ಆ ಕೈ ಬಿಟ್ಟು ಹೋಗಲಿಲ್ಲ. ಹೊನ್ನಿಗೆ ತಿಳಿಯಿತು. ಬೆರಳು ಮಡಚಿ ಅದನ್ನು ಗಟ್ಟಿಯಾಗಿ ಹಿಡಿದುಕೊಂಡಳು.

ಮೂರು ಎನ್ನಲು ಕ್ಷಾರಕಂಠ ಬಾಯಿ ತೆರೆದ, ಮಾತು ಹೊರಡಲಿಲ್ಲ. ಅವನ ಗಡ್ಡ ನೀರಿಗೆ ಬಿದ್ದು ಕರಗತೊಡಗಿತು. ಗಡ್ಡ ಕರಗಿತು, ತಲೆ ಕುಗ್ಗಿತು, ಕೈಕಾಲು ಒಳಸೇರಿದವು. ಕೊನೆಗೆ ಬಂಡೆಗೆ ಅಂಟಿದ ಒಂದು ಸಣ್ಣ ಚಿಪ್ಪು ಉಳಿಯಿತು. ಅದಕ್ಕೆ ಬಾಯಿ ಇತ್ತು, ಮಾತಿರಲಿಲ್ಲ.

ಹೊನ್ನಿಯ ಕೈಯಲ್ಲಿದ್ದ ಮೀನು ದುಗ್ಗನಾಯಿತು. ಅವನೇ ಅವಳನ್ನು ಮೇಲಕ್ಕೆ ತಂದ. ಅವರ ಸುತ್ತ ಉಳಿದವರ ತಲೆಗಳೆಲ್ಲ ಪುಳುಪುಳು ಎದ್ದವು. ಆಸ್ಥಾನದ ವೀಣೆಗಾರನಿದ್ದ, ಅವನನ್ನು ಶಪಿಸಿದ್ದು ಇನ್ನೊಬ್ಬ ವೀಣೆಗಾರ. ಹೋಳಿಗೆ ಚೆನ್ನಾಗಿ ತಟ್ಟುತ್ತಿದ್ದ ಒಬ್ಬಳು ಸೊಸೆಯಿದ್ದಳು. ಒಂದೇ ದಿನ ಒಬ್ಬರನ್ನೊಬ್ಬರು ಶಪಿಸಿಕೊಂಡ ಇಬ್ಬರು ಸವತಿಯರೂ ಇದ್ದರು. ಅವರಿಬ್ಬರೂ ನೀರಿನಲ್ಲೇ ಜಗಳ ಮುಂದುವರಿಸಿದರು. ಎಲ್ಲರೂ ಈಜಿ ಕರಿಗೋಡನ್ನು ಹತ್ತಿ ಕೂತರು. ವೀಣೆಗಾರ ತನ್ನ ಕೆಂಪು ಶಾಲು ಬೀಸಿದ್ದನ್ನು ನೋಡಿ, ಶಂಖಾವತಿಯ ದಂಡೆಯಿಂದ ದೋಣಿಗಳು ಹೊರಟವು. ಅವು ಬಂದು ಮುಟ್ಟಲು ಇನ್ನೂ ಹೊತ್ತಿತ್ತು, ಬಿಸಿಲೂ ಇತ್ತು.

ದೋಣಿಯಲ್ಲಿ ಗಂಡ ಹೆಂಡತಿ ಎದುರುಬದುರು ಕೂತರು. ರಾಜಕುಮಾರಿ ಬೇರೆ ಕಡೆ ನೋಡುತ್ತಿದ್ದಳು.

"ಅದು ನಾನು ಅಂತ ಗೊತ್ತಿತ್ತಾ ನಿಂಗೆ?" ಎಂದು ಹೊನ್ನಿ ಕೇಳಿದಳು.

ದುಗ್ಗನಿಗೆ ಸುಳ್ಳು ಹೇಳಲು ಬರುತ್ತಿರಲಿಲ್ಲ. ಆವತ್ತು ಬಂದಿದ್ದರೆ ಚೆನ್ನಾಗಿತ್ತು.

"ಇಲ್ಲ. ಮೀನಾದ ಮೇಲೆ ಯಾರ ನೆನಪೂ ಇರಲಿಲ್ಲ. ಯಾರೋ ಹೊಸಬ್ರು ನೀರು ಕುಡೀತಿದ್ರು, ಬಂದೆ."

ಹೊನ್ನಿ ಅದನ್ನು ನುಂಗಿಕೊಂಡಳು, ಉಪ್ಪುನೀರಿಗಿಂತ ಕಷ್ಟವಾಯಿತು. ಆಮೇಲೆ ತನ್ನ ಸರದಿ ಎಂದು ತಿಳಿದು, ಅಲ್ಲೇ ಇದ್ದುಬಿಡಲಿ ಎಂದು ಮೂರು ಸಲ ಹೇಳಿದವಳು ತಾನೇ ಎಂದು ಒಪ್ಪಿಕೊಂಡಳು. ಹಕ್ಕಿ ಕೇಳಿದ್ದು, ಆಮೆ ಕೇಳಿದ್ದು, ಒಂದನ್ನೂ ಬಿಡದೆ ಹೇಳಿದಳು. ದುಗ್ಗನಿಗೆ ಸಿಟ್ಟು ಬಂತು, ಬರುವಂಥದ್ದೇ. ಆದರೆ ಏಳು ವರ್ಷ ಎಂದು ಮನಸ್ಸಿನಲ್ಲೇ ಎಣಿಸಿ ನೋಡಿದವನಿಗೆ ನಾಚಿಕೆಯೂ ಆಯಿತು. ಅವನು ರಾಜಕುಮಾರಿಯ ಕೈಯಿಂದ ಹುಟ್ಟನ್ನು ಇಸಿದುಕೊಂಡು, ಹೆಂಡತಿಯ ಜಾಗದಲ್ಲಿ ಹೋಗಿ ಕೂತ.

"ಹೋಗು, ನೋಡ್ಕೊಂಡು ಬಾ," ಎಂದ.

ಹೊನ್ನಿ ರಾಜಕುಮಾರಿಯ ಕಡೆ ನೋಡಿದಳು. ಬೆಳಿಗ್ಗೆಯಿಂದ ಮೂರು ಸಲ ಇಳಿದಿದ್ದ ಅವಳೇ ಈಗ ಹಳಬಳು. ಅವಳು ಹೊನ್ನಿಯ ಕನ್ನಡಕ ಕಟ್ಟಿದಳು, ಅಳಬೇಡ, ಅತ್ತರೆ ನೀರು ನುಗ್ಗುತ್ತದೆ ಎಂದು ಹೇಳಿಕೊಟ್ಟಳು. ಇಬ್ಬರೂ ಕೈ ಹಿಡಿದುಕೊಂಡು ನೀರಿಗಿಳಿದರು.

ದುಗ್ಗ ದೋಣಿ ನಿಲ್ಲಿಸಿಕೊಂಡು ಕೂತ. ಎರಡು ಕೊಳವೆಗಳು ಅಕ್ಕಪಕ್ಕ ಹೋದವು, ನಿಂತವು, ಮತ್ತೆ ಹೋದವು. ಒಂದು ಕೊಳವೆಯಿಂದ ನಗುವಿನ ಸದ್ದು ಕೇಳಿತು, ಬೆನ್ನಿಗೇ ಇನ್ನೊಂದರಿಂದಲೂ ಕೇಳಿತು. ಯಾವ ಮೀನಿಗೆ ನಗುತ್ತಿದ್ದಾರೆ ಎಂದು ಅವನು ಬಗ್ಗಿ ನೋಡಿದ. ಅಲೆಯ ಮೇಲೆ ಬಿಸಿಲು ಹೊಳೆಯುವುದು ಬಿಟ್ಟರೆ ಏನೂ ಕಾಣಲಿಲ್ಲ. ಕೊನೆಗೂ ಇಬ್ಬರೂ ಮೇಲೆ ಬಂದಾಗ ಏನು ಕಂಡಿರಿ ಎಂದು ಕೇಳಿದ. ಇಬ್ಬರೂ ಮುಖ ಮುಖ ನೋಡಿಕೊಂಡು ಮತ್ತೆ ನಕ್ಕರು, ಮತ್ತೆ ಮುಳುಗಿದರು.

ಏಳುನೂರು ಮಂದಿಯೂ ಊರು ಸೇರಿದರು, ಸವತಿಯರೂ ರಾಜಿಯಾದರು, ಶಂಖಾವತಿಯವರು ಬಹುಕಾಲ ಸುಖವಾಗಿ ಬಾಳಿದರು. ಆ ರಾಜ್ಯದ ದೋಣಿಗಳಲ್ಲಿ ಆಮೇಲೆ ಎಲ್ಲರೂ ಸರದಿಯ ಮೇಲೆ ಹುಟ್ಟು ಹಿಡಿಯಬೇಕಾಯಿತು, ರಾಜನಾದರೂ ಸರಿಯೇ. ಆದರೆ ಅದೆಲ್ಲ ಆಮೇಲಿನ ಮಾತು. ಆ ಮಧ್ಯಾಹ್ನ ದುಗ್ಗ ಹುಟ್ಟು ಹಿಡಿದು ಕೂತೇ ಇದ್ದ, ಅವನ ಹೊಟ್ಟೆಯೊಳಗೆ ಸಣ್ಣಗೆ ಏನೋ ಉರಿಯತೊಡಗಿತ್ತು.