ಬೆನ್ನಿಗಿಟ್ಟ ಗುಂಡಿ

"ಬೆನ್ನಿಗೆ ಗುಂಡಿ ಇಟ್ರ ಹಾಕ್ಕೊಳ್ಳಾಂವ ಹೆಂಗ ಹಾಕ್ಕೋಬೇಕ್ರಿ ಅಕ್ಕಾರ? ಅವಗೇನ ಹಿಂದ ಎರಡು ಕೈ ಮೂಡ್ಯಾವೇನು?"

ದರ್ಜಿ ಹಸನಸಾಬ ಕೊರಳಲ್ಲಿ ಟೇಪು ಇಳಿಬಿಟ್ಟುಕೊಂಡು, ಕನ್ನಡಕದ ಮೇಲಿಂದ ನೀಲಕ್ಕನನ್ನು ನೋಡಿದ. ನವಲಗುಂದದ ಪೇಟೆಯಲ್ಲಿ ಎಷ್ಟೋ ವರ್ಷಗಳಿಂದ ಊರಿನವರ ಅಂಗಿ ಹೊಲಿದವನು ಅವನು. ಇಂಥ ಜಾಕೀಟು ಹೊಲಿ ಅಂತ ಅವನಿಗೆ ಯಾರೂ ಹೇಳಿರಲಿಲ್ಲ.

ನೀಲಕ್ಕ ನಕ್ಕಳು. "ಅದ ಅಲ್ರಿ ಕಾಕಾ ನಮ್ಮ ಸಾಲಿ ನಾಟಕದ ಮಜಾ! ಒಬ್ಬಾಂವಗ ಹಾಕ್ಕೊಳ್ಳಾಕ ಬರಬಾರದು. ಇನ್ನೊಬ್ಬಾಂವ ಬಂದು ಗುಂಡಿ ಹಾಕಬೇಕು."

"ಶಾಣ್ಯಾರ ಮಾಡೂ ಕೆಲಸಲ್ಲ ಬಿಡ್ರಿ ಇದು."

"ಶಾಣ್ಯಾರ ಮಾಡಿದ್ರಿ ಕಾಕಾ. ಪ್ಯಾರಿಸ್‌ನಾಗ, ಹತ್ತೊಂಬತ್ತನೇ ಶತಮಾನದಾಗ."

ಹಿಂದಿನಿಂದ ಬಂದ ದನಿ! ನೀಲಕ್ಕ ಥಟ್ಟನೆ ತಿರುಗಿದಳು.

ಬಸ್ಸಿನ ಧೂಳು ಇನ್ನೂ ಮೈಮೇಲಿದ್ದ ತರುಣ. ಕೈಯಲ್ಲಿ ತಗಡಿನ ಟ್ರಂಕು. ಕಪ್ಪು ಮುಖದಲ್ಲಿ ನಗು ಮಾತ್ರ ಬೆಳ್ಳಗೆ.

"ಸೇಂಟ್ ಸೈಮನ್ ಅನ್ನಾವನ ಶಿಷ್ಯ ಮಂದಿ ಅಲ್ರಿ?" ಅಂದ ಅವನು. "ಆಳು-ಕಾಳು ಯಾರೂ ಬ್ಯಾಡ ಅಂತ ಹೇಳಿ ಗುಡ್ಡದ ಮ್ಯಾಲೆ ಮನಿ ಮಾಡಿದ್ರು. ತಾವ ಕಸಾ ಹೊಡದ್ರು, ತಾವ ಅಡಗಿ ಮಾಡಿದ್ರು. ಒಬ್ಬರಿಗೊಬ್ಬರು ಬೇಕು ಅನ್ನೂದು ದಿನಾ ಮುಂಜಾನೆ ನೆನಪಾಗ್ಲಿ ಅಂತ ಈ ಜಾಕೀಟು."

ನೀಲಕ್ಕ ಕಲಿಸುವ ಶಾಲೆಯ ಸ್ನೇಹಸಮ್ಮೇಳನಕ್ಕೆ ಅಂತ ಅವಳು ಬರೆದ ನಾಟಕದ ಕಥೆ ಅದು! ಇಡೀ ತಾಲೂಕಿನಲ್ಲಿ ತನ್ನೊಬ್ಬಳಿಗೇ ಗೊತ್ತು ಅಂತ ಬೀಗಿದ್ದಳು.

"ಒಂದ ಮಾತ್ರಿ," ಅವನು ನಿಲ್ಲಿಸಲಿಲ್ಲ. "ಹೆಣ್ಣು ಗಂಡು ಸರಿಸಮ ಅಂತ ಭಾಷಣಾ ಮಾಡಿದವ್ರು, ಗುಡ್ಡಾ ಹತ್ತುವಾಗ ಹೆಣ್ಮಕ್ಕಳನ್ನ ಕೆಳಗ ಬಿಟ್ಟು ಹೋದ್ರು. ನಾಟಕದಾಗ ಅದನ್ನೂ ಬರದೀರೇನು?"

ಬರೆದಿರಲಿಲ್ಲ. ನೀಲಕ್ಕನ ಕಿವಿ ಕೆಂಪಾದವು.

"ನೀವ್ಯಾರ್ರಿ, ದಾರಿಯೊಳಗ ನಿಂತು ಪರೀಕ್ಷಾ ತಗೊಳ್ಳಾವ್ರು?"

"ಉಡಚಪ್ಪ ಅಂತ್ರಿ. ನಿಮ್ಮ ಸಾಲಿಗೇ ಇಂಗ್ಲೀಷ್ ಮಾಸ್ತರ ಆಗಿ ಬಂದೇನಿ." ಯಾರೂ ಕೇಳದಿದ್ದರೂ ಸೇರಿಸಿದ, "ತಿರ್ಲಾಪುರದ ಕೆಳಗಿನ ಕೇರಿಯವ್ರು ನಾವು."

ಹಸನಸಾಬ ತಲೆ ತಗ್ಗಿಸಿ ಕತ್ತರಿ ಹುಡುಕಿದ. ಜಾತಿ ಕೇಳುವ ತ್ರಾಸು ಎದುರಿನವರಿಗೆ ಬೇಡ ಅಂತ ತಾನೇ ಮೊದಲು ಹೇಳಿಬಿಡುವ ಆ ರೂಢಿ... ನೀಲಕ್ಕನಿಗೆ ಎದೆಯಲ್ಲಿ ಏನೋ ಚುಚ್ಚಿದಂತಾಯಿತು.

"ಜಾಕೀಟು ಇವರ ಅಳತಿಗೇ ಹೊಲೀರಿ ಕಾಕಾ," ಅಂದುಬಿಟ್ಟಳು. "ಇಷ್ಟೆಲ್ಲಾ ತಿಳದಾವ್ರು ಪಾತ್ರಾನೂ ಮಾಡ್ಲಿ!"

*

ಶಾಲೆ ಬಿಟ್ಟ ಮೇಲೆ ದಿನಾ ತಾಲೀಮು. ಹುಡುಗರ ಗದ್ದಲ ಬೇಡ ಅಂತ ಕೋಣೆಯ ಬಾಗಿಲು ಹಾಕಿಕೊಳ್ಳುತ್ತಿದ್ದರು.

ನಾಟಕದ ಕೊನೆಯ ದೃಶ್ಯ ಸರಳ. ಉಡಚಪ್ಪ ನಡುವೆ ನಿಂತು, "ಹುಟ್ಟಿನಿಂದ ಬಂದ ಹಿರಿಮೆ ಒಂದೂ ಉಳಿಯುವುದಿಲ್ಲ, ಎಲ್ಲ ರದ್ದು!" ಅಂತ ಸಾರುತ್ತಾನೆ. ಆಮೇಲೆ ಸಭಿಕರಿಗೆ ಬೆನ್ನು ತಿರುಗಿಸಿ ಕೇಳುತ್ತಾನೆ, "ಗೆಳೆಯರೇ, ನನ್ನ ಗುಂಡಿ ಹಾಕುವವರು ಯಾರು?" ಡ್ರಿಲ್ ಮಾಸ್ತರ ಶಂಕ್ರಪ್ಪ ಬಂದು ಗುಂಡಿ ಹಾಕಬೇಕು. ಅಲ್ಲಿಗೆ ಪರದೆ.

ಒಂದು ದಿನ ಶಂಕ್ರಪ್ಪ ಬರಲಿಲ್ಲ.

"ಇವತ್ತು ಗುಂಡಿ ಬಿಚ್ಚೇ ಇರ್ತಾವ ಹಂಗಾರ," ಉಡಚಪ್ಪ ನಕ್ಕ.

"ತಿರುಗ್ರಿ ಆ ಕಡಿ."

ನೀಲಕ್ಕನೇ ಹಾಕಿದಳು. ಕೆಳಗಿನಿಂದ ಮೇಲಕ್ಕೆ, ಒಂದೊಂದೇ. ಕುತ್ತಿಗೆಯ ಹತ್ತಿರದ ಗುಂಡಿಗೆ ಬಂದಾಗ ಬೆರಳು ಅವನಿಗೆ ತಾಗಿತು.

"ಕಾಜ ಸಣ್ಣದಾಗೇತಿ," ಅಂದಳು, ಸುಮ್ಮನೆ ಏನಾದರೂ ಅನ್ನಬೇಕಲ್ಲ ಅಂತ.

"ಹೂಂ... ಸಣ್ಣದಾಗೇತಿ," ಅಂದ ಅವನೂ.

ಅಂದು ಮನೆಗೆ ಹೋಗುವಾಗ ನೀಲಕ್ಕನ ಕಾಲು ನೆಲದ ಮೇಲಿರಲಿಲ್ಲ. 'ಎಷ್ಟು ಸಲೀಸಾಗಿ ಮುಟ್ಟಿಬಿಟ್ಟೆ! ನನ್ನೊಳಗ ಯಾವ ಮೇಲು-ಕೀಳೂ ಇಲ್ಲ.' ಹೀಗಂದುಕೊಂಡು ತನ್ನನ್ನೇ ಮೆಚ್ಚಿಕೊಂಡಳು.

ಕೋಣೆಯ ಬಾಗಿಲು ಹಾಕಿತ್ತು ಅನ್ನುವುದು ಮಾತ್ರ ಅವಳ ಲಕ್ಷ್ಯಕ್ಕೆ ಬರಲೇ ಇಲ್ಲ.

*

ಸಮ್ಮೇಳನದ ಸಂಜೆ ಶಾಲೆಯ ಅಂಗಳದಲ್ಲಿ ಕಾಲಿಡಲು ಜಾಗವಿರಲಿಲ್ಲ. ಮುಂದಿನ ಕುರ್ಚಿಯಲ್ಲಿ ನೀಲಕ್ಕನ ಅಪ್ಪ ಈರಬಸಪ್ಪ. ದೊಡ್ಡ ಒಕ್ಕಲುತನ, ಶಾಲಾ ಕಮಿಟಿಯ ಹಿರಿತನ. ಹಣೆ ತುಂಬ ವಿಭೂತಿ ಧರಿಸಿ ಬಂದಿದ್ದವರು ಸ್ವಾಗತ ಭಾಷಣವನ್ನೂ ಮಾಡಿದ್ದರು. "ಹುಟ್ಟಿನಿಂದ ಯಾರೂ ದೊಡ್ಡವ್ರಲ್ಲ ಅಂತ ನಮ್ಮ ಶರಣರು ಎಂದೋ ಹೇಳ್ಯಾರ..." ಚಪ್ಪಾಳೆಯೂ ಬಿದ್ದಿತ್ತು.

ನಾಟಕ ಚೆನ್ನಾಗಿಯೇ ನಡೆಯಿತು. ಕೊನೆಯ ದೃಶ್ಯ ಬಂತು.

ಉಡಚಪ್ಪ ಬೆನ್ನು ತಿರುಗಿಸಿದ. ಜಾಕೀಟಿನ ಎರಡು ಅಂಚು ಬಿಚ್ಚಿಕೊಂಡಿದ್ದವು. ಒಳಗಿನ ಬಿಳಿ ಅಂಗಿ ಬೆವರಿನಿಂದ ಮೈಗಂಟಿತ್ತು.

"ಗೆಳೆಯರೇ, ನನ್ನ ಗುಂಡಿ ಹಾಕುವವರು ಯಾರು?"

ಪರದೆಯ ಮರೆಯಲ್ಲಿ ನೀಲಕ್ಕ ಶಂಕ್ರಪ್ಪನನ್ನು ಮುಂದೆ ದೂಡಿದಳು. ಅವನು ಅಲುಗಲಿಲ್ಲ!

"ಹೋಗ್ರಿ ಮಾಸ್ತರ!"

"ನಮ್ಮ ಮಾವಾರು ಕುಂತಾರ್ರಿ ಮುಂದ. ಇಡೀ ಊರ ಕುಂತೈತಿ. ನನ್ನಿಂದ ಆಗೂದಿಲ್ಲ."

"ತಾಲೀಮಿನ್ಯಾಗ ಹಾಕಿದ್ರಲ್ಲಾ!"

"ಅಲ್ಲಿ ಯಾರ ನೋಡತಿದ್ರು?"

ವೇದಿಕೆಯ ಮೇಲಿಂದ ಮತ್ತೆ ಬಂತು ದನಿ. ಈ ಸಲ ನಾಟಕದ ಮಾತಿನಂತಿರಲಿಲ್ಲ. "ಗುಂಡಿ ಹಾಕುವವರು... ಯಾರು?"

ಹಿಂದಿನ ಸಾಲಿನಿಂದ ಯಾರೋ ಕೂಗಿದರು, "ಯಾರೂ ಬರಂಗಿಲ್ಲೋ ಮಾಸ್ತರಾ, ಹಂಗ ನಡಿ ಮನಿಗೆ!" ನಗೆ ಹರಡಿತು.

ನೀಲಕ್ಕ ಒಂದು ಹೆಜ್ಜೆ ಮುಂದಿಟ್ಟಳು. ಅಪ್ಪನ ಮುಖ ಕಾಣಿಸಿತು. ಅವರು ನಗುತ್ತಿರಲಿಲ್ಲ, ನೇರ ಅವಳನ್ನೇ ನೋಡುತ್ತಿದ್ದರು.

'ಹೋಗು ನೀಲಾ... ಇದೇ ಕೈ ಅಲ್ಲೇನು ಮೊನ್ನೆ ಹಾಕಿದ್ದು? ಹೋಗು!'

ಕೈ ಏಳಲಿಲ್ಲ. ಬಾಯಿ ಎದ್ದಿತು.

"ಪರದೆ ಬಿಡ್ರಿ!"

ಇಳಿದು ಬರುವ ಪರದೆಯ ಈಚೆ, ಉಡಚಪ್ಪ ಕತ್ತು ತಿರುಗಿಸಿ ನೋಡಿದ. ಯಾರ ದನಿ ಅಂತ ಅವನಿಗೆ ಗೊತ್ತಾಗಿತ್ತು.

ಒಳಗೆ ಬಂದವನು ಜಾಕೀಟು ತೆಗೆದು ಮಡಚಿದ. ಅವಳ ಮುಂದೆ ನಿಂತು ಮೆಲ್ಲಗೆ ಅಂದ:

"ಪರದೆ ಚಲೋ ವ್ಯಾಳ್ಯಾಕ್ಕ ಬಿಡಿಸಿದ್ರಿ ಅಕ್ಕಾರ. ಇಲ್ಲಾಂದ್ರ ನಿಮ್ಮ ಅಪ್ಪಾರಿಗೆ ಭಾಳ ತ್ರಾಸ ಆಗತಿತ್ತು."

ಅಲ್ಲ ಅನ್ನಬೇಕಿತ್ತು. ಆದರೆ ಅದು ನಿಜವಿತ್ತು.

*

"ಚಲೋ ಮಾಡಿದಿ ಮಗಳ," ಮರುದಿನ ಮುಂಜಾನೆ ಈರಬಸಪ್ಪ ರೊಟ್ಟಿ ಮುರಿಯುತ್ತಾ ಅಂದರು. "ನೀ ಎಲ್ಲಿ ಓಡಿ ಹೋಗ್ತಿಯೋ ಅಂತ ಜೀವಾ ಹಾರಿತ್ತು ನಂದು. ಮನಿತನದ ಮರ್ಯಾದಿ ಉಳಿಸಿದಿ."

ಬೈದಿದ್ದರೆ ತಡೆದುಕೊಳ್ಳುತ್ತಿದ್ದಳೇನೋ. ಈ ಶಾಬಾಸ್ಕಿ ಕಪಾಳಕ್ಕೆ ಹೊಡೆದಂತೆ ಬಿತ್ತು.

ಶಾಲೆಯಲ್ಲಿ ಉಡಚಪ್ಪ ಅವಳಿಗೆ ನಮಸ್ಕಾರ ಮಾಡುವುದನ್ನು ಬಿಡಲಿಲ್ಲ. ಸಿಟ್ಟಿನ ಮಾತೊಂದನ್ನೂ ಆಡಲಿಲ್ಲ. ಆಡಿದ್ದರೆ ಎಷ್ಟು ಚೆನ್ನಾಗಿರುತ್ತಿತ್ತು! ಎದುರು ಬಂದಾಗಲೆಲ್ಲ ಅವಳ ಕಣ್ಣು ತಾನಾಗಿಯೇ ಅವನ ಕಾಲಿನ ಮೇಲೆ ಇಳಿಯುತ್ತಿತ್ತು. ತರಗತಿಯಲ್ಲಿ 'ಸಮಾನತೆ' ಅನ್ನುವ ಶಬ್ದ ಬಂದರೆ ಆ ಸಾಲನ್ನೇ ದಾಟಿ ಮುಂದೆ ಓದುತ್ತಿದ್ದಳು. ಹುಡುಗಿಯೊಬ್ಬಳು ಎದ್ದು ಕೇಳಿಯೇಬಿಟ್ಟಳು, "ಅಕ್ಕಾರ, ಕಡೀಕ ಅವರ ಗುಂಡಿ ಯಾರ ಹಾಕಿದ್ರು?"

"ಕುಂದ್ರು," ಅಂದಳು ನೀಲಕ್ಕ. ಆಮೇಲೆ ಕಪ್ಪು ಹಲಗೆಯ ಕಡೆ ತಿರುಗಿ, ಬರೆಯುವುದೇನೂ ಇಲ್ಲದಿದ್ದರೂ ಸುಮ್ಮನೆ ಅದನ್ನೇ ಒರೆಸುತ್ತ ನಿಂತಳು.

*

ಸಂತೆಯ ದಿನ ಅವ್ವನ ಕುಪ್ಪಸ ತರಲು ಹಸನಸಾಬನ ಅಂಗಡಿಗೆ ಹೋದಾಗ ಅವನ ತೊಡೆಯ ಮೇಲೆ ಆ ಜಾಕೀಟಿತ್ತು. ಕೈಯಲ್ಲಿ ಬ್ಲೇಡು.

"ಏನ ಮಾಡಾಕತ್ತೀರಿ ಕಾಕಾ?"

"ಗುಂಡಿ ಕೀಳಾಕತ್ತೇನ್ರಿ. ಉಡಚಪ್ಪ ಮಾಸ್ತರ ಕೊಟ್ಟು ಹೋಗ್ಯಾರ. ಕಲಘಟಗಿ ಸಾಲಿಗೆ ಬದ್ಲಿ ಮಾಡಿಸ್ಕೊಂಡಾರಂತ, ಇವತ್ತ ಹೊಂಟಾರ." ಹಸನಸಾಬ ಕನ್ನಡಕ ತೆಗೆದ. "ಗುಂಡಿ ಮುಂದಕ್ಕ ಇಡ್ರಿ ಕಾಕಾ, ನಾ ಒಬ್ಬನ ಹಾಕ್ಕೋತೀನಿ ಅಂದ್ರು. ಯಾಕ ಅಂದೆ. ಹಿಂದ ಇದ್ರ ಯಾರನ್ನ ಕರೀಲಿ ಅಂದ್ರು."

ನೀಲಕ್ಕ ಬಾಗಿ ಅವನ ಕೈ ಹಿಡಿದಳು.

"ಕೀಳಬ್ಯಾಡ್ರಿ ಕಾಕಾ! ನಿಮ್ಮ ಕಾಲಿಗೆ ಬೀಳ್ತೀನಿ..."

"ಮ್ಯಾಲಿಂದು ಕಿತ್ತಾತಲ್ರಿ ತಾಯಿ."

"ಇರ್ಲಿ. ಉಳಿದಾವನ್ನ ಬಿಡ್ರಿ."

ಅಷ್ಟರಲ್ಲಿ ಟ್ರಂಕು ಹಿಡಿದು ಉಡಚಪ್ಪ ಬಂದ. ಅವಳನ್ನು ನೋಡಿ ಮೆಟ್ಟಿಲಲ್ಲೇ ನಿಂತ.

"ಆಗಿಲ್ಲೇನ್ರಿ ಕಾಕಾ? ಬಸ್ಸಿನ ಹೊತ್ತಾತು."

"ನಾನ ಬ್ಯಾಡ ಅಂದೆ," ನೀಲಕ್ಕ ಅಂದಳು. "ನಾನ ಪರದೆ ಬಿಡಿಸಿದ್ದು. ನಿಮ್ಮ ಮಾನಾ ಉಳಸಾಕಲ್ಲ, ನಂದನ್ನ ಉಳಸ್ಕೊಳ್ಳಾಕ. ನಾ ಹೇಡಿ, ಮಾಸ್ತರ. ಅವತ್ತಿಂದ ನನ್ನ ಮಾರಿ ನನಗ ನೋಡ್ಕೊಳ್ಳಾಕ ನಾಚಿಕಿ ಆಗತೈತಿ."

ಉಡಚಪ್ಪ ಟ್ರಂಕು ಕೆಳಗಿಟ್ಟ.

"ನಾಚಿಕಿ ನನಗೂ ಐತ್ರಿ."

"ನಿಮಗ್ಯಾಕ?"

"ಎರಡನೇ ಸಲ ಕೇಳಿದ್ನಲ್ಲಾ... ಆಗ ನಾ ಶಂಕ್ರಪ್ಪನ್ನ ಕರದಿದ್ದಿಲ್ಲ." ಅವನು ಬೀದಿಯ ಕಡೆ ನೋಡಿದ. "ನಿಮ್ಮನ್ನ ಕರದಿದ್ದೆ. ತಾಲೀಮಿನ ದಿನಾ ನಿಮ್ಮ ಬೆರಳು ತಾಗಿದಾಗ ಎಲ್ಲಾ ಖರೇ ಅಂತ ನಂಬಿಬಿಟ್ಟಿದ್ದೆ. ಸಣ್ಣಾಂವ ಇದ್ದಾಗಿಂದ ಶಾಣ್ಯಾ ಆಗಿದ್ದೆ, ಯಾರನ್ನೂ ಹಂಗ ನಂಬ್ತಿದ್ದಿಲ್ಲ. ಒಂದ ಸಲ ನಂಬಿದೆ. ಊರ ಮುಂದ ಬೆನ್ನ ಕೊಟ್ಟು ನಿಂತೆ."

ನೀಲಕ್ಕನಿಗೆ ಅಳು ಒತ್ತರಿಸಿ ಬಂತು. ಅಳಲಿಲ್ಲ. ಅತ್ತರೆ ಸಮಾಧಾನ ಮಾಡುವ ಕೆಲಸವೂ ಅವನದೇ ಆಗುತ್ತದಲ್ಲ!

ಹಸನಸಾಬನ ತೊಡೆಯಿಂದ ಜಾಕೀಟು ಎತ್ತಿಕೊಂಡಳು.

"ಹಾಕ್ಕೋರಿ."

"ಅಕ್ಕಾರ, ಎದುರಿಗೆ ನೋಡ್ರಿ. ಹತ್ತಿ ಅಂಗಡ್ಯಾಗ ನಿಮ್ಮ ಅಪ್ಪಾರ ಕುಂತಾರ. ಸಂತಿ ಮಂದಿ ಅಷ್ಟೂ ಐತಿ."

"ಕಂಡೀನ್ರಿ. ಅದಕ್ಕ ಒಳಗ ಬ್ಯಾಡ. ಇಲ್ಲಿ, ಕಟ್ಟಿ ಮ್ಯಾಲೆ ಬಂದು ನಿಂದರ್ರಿ."

"ಮನಿ ಬಾಗಲಾ ಮುಚ್ಚತೈತಿ ನಿಮಗ. ತಿಳದೀರಿ?"

"ತಿಳದೀನಿ. ಆ ಕೋಣಿ ಬಾಗಲಾ ಹಾಕಿತ್ತಂತನ ಅವತ್ತು ನನಗ ಧೈರ್ಯಾ ಬಂದಿತ್ತು. ಅಂಥಾ ಧೈರ್ಯಾ ಸಾಕಾತು ನನಗ."

ಉಡಚಪ್ಪ ಜಾಕೀಟು ಕೈಗೆ ತೆಗೆದುಕೊಂಡ. ಮತ್ತೊಮ್ಮೆ ಬೆನ್ನು ಕೊಡುವುದು ಅವನಿಗೆ ಸುಲಭವಿರಲಿಲ್ಲ. ಅದು ಅವಳಿಗೆ ಗೊತ್ತಿತ್ತು, ಅವಳು ಅವಸರ ಮಾಡಲಿಲ್ಲ.

ಕೊನೆಗೆ ಅವನು ಜಾಕೀಟಿನೊಳಗೆ ಕೈ ತೂರಿಸಿ, ಕಟ್ಟೆಯ ಮೇಲೆ ನಿಂತು, ಬೀದಿಗೆ ಬೆನ್ನು ತಿರುಗಿಸಿದ.

ನೀಲಕ್ಕ ಕೆಳಗಿನ ಗುಂಡಿ ಹಾಕಿದಳು. ಅದು ಎರಡು ಸಲ ಜಾರಿತು.

"ಏ, ಈರಬಸಪ್ಪನ ಮಗಳಲ್ಲೇನ ಅಕಿ?"

"ಮಾಸ್ತರಗ ಅಂಗಿ ತೊಡಸಾಕತ್ತಾಳಲೇ!"

ಮೆಣಸಿನಕಾಯಿ ಮಾರುವ ಮಾಬುಬಿ ತಕ್ಕಡಿ ಹಿಡಿದ ಕೈಯನ್ನು ಹಾಗೇ ಎತ್ತಿಕೊಂಡು ನೋಡಿದಳು. ನೀಲಕ್ಕ ಎರಡನೆಯ ಗುಂಡಿಗೆ ಬಂದಳು. ಮುಖ ಉರಿಯುತ್ತಿತ್ತು. ಈ ಉರಿ ಪರದೆ ಬಿಡಿಸಿದ ದಿನದ ನಾಚಿಕೆಯ ಉರಿಯಂತಿರಲಿಲ್ಲ.

ಹತ್ತಿ ಅಂಗಡಿಯಲ್ಲಿ ಈರಬಸಪ್ಪ ಎದ್ದು ನಿಂತರು. ಬರುತ್ತಾರೆ, ಕೂಗುತ್ತಾರೆ ಅಂತ ಎಲ್ಲರೂ ಕಾದರು. ಅವರು ಬರಲಿಲ್ಲ. ಧೋತರದ ಚುಂಗು ಕೊಡವಿ, ಚಕ್ಕಡಿ ಹತ್ತಿ, ಎತ್ತುಗಳನ್ನು ಮನೆಯ ದಾರಿಗೆ ತಿರುಗಿಸಿದರು. ಮಗಳನ್ನು ಕರೆಯಲಿಲ್ಲ.

ಚಕ್ಕಡಿ ತಿರುವಿನಲ್ಲಿ ಮರೆಯಾಗುವ ತನಕ ನೀಲಕ್ಕ ನೋಡಿದಳು. ಕಣ್ಣು ತುಂಬಿ ಗುಂಡಿ ಕಾಣಲಿಲ್ಲ. ತಡವಿ ತಡವಿ ಹಾಕಿದಳು.

"ಅಪ್ಪಾರು ಹೋದ್ರೇನ್ರಿ?" ತಿರುಗದೆಯೇ ಕೇಳಿದ ಉಡಚಪ್ಪ.

"ಹೋದ್ರು."

"ನೀಲಾ..." ಮೊದಲ ಸಲ 'ಅಕ್ಕಾರ' ಬಿಟ್ಟು ಕರೆದಿದ್ದ. "ಇನ್ನೂ ಹೊತ್ತು ಮೀರಿಲ್ಲ. ಓಡಿ ಹೋದ್ರ ಚಕ್ಕಡಿ ಸಿಗತೈತಿ."

"ಆ ಗುಡ್ಡದ ಮ್ಯಾಲೆ ಹೆಣ್ಮಕ್ಕಳಿಗೆ ಜಾಗಾ ಇರಲಿಲ್ಲ ಅಂದಿದ್ರಿ," ಮೂಗೆಳೆದುಕೊಂಡು ಅಂದಳು ಅವಳು. "ಕಲಘಟಗ್ಯಾಗ ಐತೇನ್ರಿ?"

ಅವನ ಬೆನ್ನು ಸಣ್ಣಗೆ ಕುಲುಕಿತು. ನಗುವೋ, ಅಳುವೋ... ಅವಳಿಗೆ ಕಾಣಲಿಲ್ಲ.

"ಒಂದ ಖೋಲಿ ಐತಿ. ಬಾಗಲಾ ಬೀದಿಗೇ ಬರತೈತಿ. ಹೋಗೂ ಬರೂ ಮಂದಿ ಎಲ್ಲಾ ಒಳಗ ಇಣಕತಾರ."

"ಇಣಕಲಿ. ತೆರದ ಇಡೂಣು."

ಕುತ್ತಿಗೆಯ ಹತ್ತಿರ, ಗುಂಡಿ ಕಿತ್ತುಹೋದ ಜಾಗದಲ್ಲಿ, ಅವಳು ಜಾಕೀಟಿನ ಎರಡು ಅಂಚನ್ನೂ ಬೆರಳಿನಿಂದ ಕೂಡಿಸಿ ಹಿಡಿದುಕೊಂಡಳು.

ನಿಲ್ದಾಣದ ಕಡೆಯಿಂದ ಬಸ್ಸು ಹಾರ್ನು ಹೊಡೆಯಿತು, ಇನ್ನೊಮ್ಮೆ ಹೊಡೆಯಿತು, ಹೊರಟುಹೋಯಿತು. ಹಸನಸಾಬ ಸೂಜಿಗೆ ದಾರ ಪೋಣಿಸಿಕೊಂಡು ಕಟ್ಟೆಗೆ ಬಂದ. ಮೈಮೇಲಿನ ಬಟ್ಟೆಗೆ ಸೂಜಿ ಹಾಕುವಾಗ ತೊಟ್ಟವರು ಬಾಯಲ್ಲಿ ಒಂದೆಳೆ ದಾರ ಕಚ್ಚಿಕೊಳ್ಳಬೇಕು ಅನ್ನುವ ಪದ್ಧತಿ ಅವನದು. ಒಂದು ತುಂಡು ಹರಿದು ನೀಲಕ್ಕನ ಕೈಗೆ ಕೊಟ್ಟ. ಅವಳು ಕೈ ಮುಂದೆ ಚಾಚಿ ಅದನ್ನು ಉಡಚಪ್ಪನ ತುಟಿಗಳ ನಡುವೆ ಇಟ್ಟಳು. ಹಸನಸಾಬ ನೆಲದ ಮೇಲೆ ಬಿದ್ದಿದ್ದ ಗುಂಡಿಯನ್ನು ಹುಡುಕಿ, ಅಂಗಿಗೆ ಒರೆಸಿ, ಹೊಲಿಯತೊಡಗಿದ.