ಹೊದಿಕೆಯ ಏರಿಳಿತ

ದೀಪ ಆರಿಸಿದ ಕೂಡಲೇ ತಲೆಯ ಮೇಲೆಲ್ಲೋ ‘ಟಿಕ್’ ಎಂದಿತು. ಬೀದರದ ಬಾಡಿಗೆ ಕೋಣೆಯಲ್ಲಿ ಒಬ್ಬಳೇ ಇದ್ದ ನರ್ಸ್ ಮರ್ಸಿ ಎದ್ದು ದೀಪ ಹಾಕಿದಳು. ಮತ್ತೆ ಟಿಕ್. ಹಲ್ಲಿಯಲ್ಲ. ಆರಿಸಿದರೆ ಒಮ್ಮೆ, ಹಾಕಿದರೆ ಒಮ್ಮೆ. ಉಳಿದ ರಾತ್ರಿಯನ್ನು ಅವಳು ಬಚ್ಚಲಿನಲ್ಲಿ ಕುಳಿತು ಕಳೆದಳು.

ನವೆಂಬರ್ 12ರ ಬೆಳಿಗ್ಗೆ ದೂರು ಠಾಣೆಗೆ ಬಂತು. ಇನ್‌ಸ್ಪೆಕ್ಟರ್ ಬಸವೇಶ್ವರಿ ಹೆಡ್ ಕಾನ್‌ಸ್ಟೇಬಲ್ ಅಯ್ಯುಬನೊಂದಿಗೆ ಕೋಣೆಗೆ ಬಂದರು. ಕಿಟಕಿ ಮುಚ್ಚಿ, ದೀಪ ಆರಿಸಿ ಕಿವಿಗೊಟ್ಟರು. ಬಾಗಿಲ ಮೇಲಿನ ಗವಾಕ್ಷಿಯಲ್ಲಿ, ಸೊಳ್ಳೆ ಜಾಲರಿಯ ಹಿಂದೆ, ಬೆಂಕಿಪೊಟ್ಟಣದಷ್ಟು ಕ್ಯಾಮೆರಾ ಸಿಕ್ಕಿತು.

“ಕತ್ತಲಾದ್ರ ಇದರೊಳಗಿನ ಸಣ್ಣ ಗಾಜೊಂದು ಪಕ್ಕಕ್ಕ ಸರೀತದ, ರಾತ್ರಿ ಕಾಣ್ಲಿ ಅಂತ. ಅದರದೇ ಸಪ್ಪಳ,” ಎಂದರು ಬಸವೇಶ್ವರಿ.

“ನಾ ಇಲ್ಲೇ ಬಟ್ಟಿ ಬದಲಸ್ತೇನಿ, ಮೇಡಮ್ಮರ,” ಎಂದಳು ಮರ್ಸಿ.

“ಈ ಕೋಣಿಗೆ ಯಾರ್ಯಾರು ಬಂದಿದ್ರು?”

“ಗಂಡಸರು ಯಾರೂ ಇಲ್ರಿ. ಅಪ್ಪ ಬರ್ತಾನ, ಅಷ್ಟೇ.”

“ಅಪ್ಪನ ಮಾತು ಬಿಡು. ಬ್ಯಾರೆ?”

“ಬ್ಯಾರೆ ಯಾರೂ ಇಲ್ರಿ.”

ಪಂಚನಾಮೆ ಮುಗಿಯಿತು. ಖಾಸಗಿ ದೃಶ್ಯ ಸೆರೆಹಿಡಿದ ಆರೋಪದಡಿ ಎಫ್‌ಐಆರ್ ದಾಖಲಾಯಿತು. ಕ್ಯಾಮೆರಾದ ಮೇಲಿನ ಸಂಖ್ಯೆಯನ್ನು ತಯಾರಕರಿಗೆ ಕಳಿಸಿದಾಗ, ಅದು ಭಾಲ್ಕಿ ರೈಲು ನಿಲ್ದಾಣದ ಹತ್ತಿರದ ಬಿಲಾಲನ ಅಂಗಡಿಗೆ ಹೋದದ್ದೆಂದು ಉತ್ತರ ಬಂತು. ಮರುದಿನ ಇಬ್ಬರೂ ಅಲ್ಲಿಗೆ ಹೋದರು.

“ದುಕಾನದ ತುಂಬ ಕ್ಯಾಮೆರಾ ಹಚ್ಚೀದಿ. ಎಲ್ಲಾರ ಮಾರಿ ಕಾಣ್ತಾವ, ಬಿಲ್ ಒಂದೇ ಕಾಣಂಗಿಲ್ಲ,” ಎಂದ ಅಯ್ಯುಬ.

“ಹಿರಿಯ ಮನುಷ್ಯ ರಿ ಸಾಹೇಬ್ರ, ಬಿಲ್ ಬ್ಯಾಡಂದ. ಎರಡು ಸಲ ಕ್ಯಾಮೆರಾ ವಾಪಸ್ ತಂದ, ಚಿತ್ರ ಸಾಫ್ ಇಲ್ಲಂತ.”

“ಮುಖ ಕಾಣಂಗಿಲ್ಲ ಅಂದನೇನು?” ಬಸವೇಶ್ವರಿ ಕೇಳಿದರು.

“ಮುಖದ ಮಾತೇ ತೆಗೀಲಿಲ್ರಿ. ಕತ್ತಲದಾಗ ಹೊದಿಕಿ ಏರಿ ಇಳಿಯೋದು ಕಾಣಬೇಕಂದ. ಅಗ್ಗದ ಕ್ಯಾಮೆರಾದಾಗ ಕತ್ತಲಂದ್ರ ಚಿತ್ರ ಬರೇ ಕಾಳುಕಾಳು. ಹೊದಿಕಿ ಸುಮ್ಮನಿದ್ರೂ ಅಲ್ಲಾಡಿದಂಗ ಕಾಣ್ತದ. ಅದಕ್ಕ ದೊಡ್ಡ ಸೆನ್ಸರ್‌ದು, ಕತ್ತಲದಾಗೂ ಸಾಫ್ ಕಾಣೋದು ಕೊಟ್ಟೆ.”

ಅಂಗಡಿಯ ಕ್ಯಾಮೆರಾದಲ್ಲಿ ಅವನು ಕೊನೆಯ ಸಲ ಬಂದ ದಿನದ ದೃಶ್ಯ ಉಳಿದಿತ್ತು. ಮುದುಕನೊಬ್ಬ ಕತ್ತಲಾಗಲೆಂದು ಶಟರ್ ಇಳಿಸಲು ಹೇಳಿ, ಬೆಂಚಿನ ಮೇಲೆ ಮಲಗಿ, ಶಾಲನ್ನು ತಲೆಯವರೆಗೆ ಎಳೆದುಕೊಂಡ. “ಉಸುರು ಕಾಣ್ತದೇನು?” ಎಂದು ಒಳಗಿನಿಂದಲೇ ಕೇಳಿದ. ಆಮೇಲೆ ಉಸಿರು ಬಿಗಿಹಿಡಿದ. ಶಾಲು ನಿಂತಿತು. “ಈಗ?”

ಠಾಣೆಯಲ್ಲಿ ಆ ದೃಶ್ಯವನ್ನು ಮರ್ಸಿ ಕೊನೆಯವರೆಗೂ ನೋಡಿದಳು.

“ಗುರ್ತು ಸಿಕ್ತೇನು?” ಬಸವೇಶ್ವರಿ ಕೇಳಿದರು.

“ನಮ್ಮಪ್ಪ ರಿ. ಬರ್ನಬಾಸ. ಔರಾದದಾಗ ಇರ್ತಾನ.”

ನವೆಂಬರ್ 14ರಂದು ಔರಾದದ ಹೊರಗಿನ ತೊಗರಿ ಹೊಲದಲ್ಲಿ ಬರ್ನಬಾಸನನ್ನು ಬಂಧಿಸಲಾಯಿತು. ಅವನು ಓಡಲಿಲ್ಲ. ಮಗಳು ಡ್ಯೂಟಿಗೆ ಹೋದಾಗ ತಾನೇ ಕ್ಯಾಮೆರಾ ಕೂಡಿಸಿದ್ದಾಗಿ ಹೇಳಿ, ಫೋನ್ ತೆಗೆದುಕೊಟ್ಟ.

“ನನ್ನ ದೊಡ್ಡ ಮಗಳು ಕರುಣಾ ಹಾಸ್ಟೆಲ್‌ನಾಗ ಹೊದ್ದು ಮಲಗಿದ್ದಳು ರಿ. ಮುಂಜಾನಿ ಗೆಳತೇರು, ಮಲಗ್ಯಾಳ ಬಿಡು ಅಂತ ಕಾಲೇಜಿಗೆ ಹೋದ್ರು. ಸಂಜಿಗಿ ಬಂದು ಹೊದಿಕಿ ತೆಗೆದ್ರು. ಬಾಜೂಕ ವಿಷದ ಬಾಟ್ಲಿ ಇತ್ತು. ಈಗ ಮರ್ಸಿನೂ ಒಬ್ಬಾಕಿನೇ ಇರ್ತಾಳ. ನಾ ರಾತ್ರಿ ಫೋನಿನಾಗ ಆಕಿ ಉಸುರಷ್ಟೇ ನೋಡ್ತಿದ್ದೆ. ಬ್ಯಾರೆ ಏನೂ ನೋಡಿಲ್ಲ, ದೇವರಾಣಿ.”

“ನೀವು ನೋಡಿಲ್ಲ ಅಂತನೇ ತಿಳಿಯೋಣ. ಕ್ಯಾಮೆರಾ ನೋಡ್ಯದ. ಅದರ ಮೆಮೊರಿ ಕಾರ್ಡಿನಾಗ ಹಗಲು ರಾತ್ರಿ ಎಲ್ಲಾ ಅದ,” ಎಂದರು ಬಸವೇಶ್ವರಿ.

“ಅದು ಅಳಿಸಿಬಿಡ್ರಿ, ಮೇಡಮ್ಮರ.”

“ಆಗಂಗಿಲ್ಲ. ಅದೇ ಸಾಕ್ಷಿ. ಕೋರ್ಟಿಗೆ ಹೋಗ್ತದ.”

ಬಂಧನದ ಸುದ್ದಿಯನ್ನು ಸಂಬಂಧಿಕರೊಬ್ಬರಿಗೆ ತಿಳಿಸಬೇಕೆಂಬುದು ಕಾಯಿದೆ. ಯಾರಿಗೆಂದು ಕೇಳಿದಾಗ ಬರ್ನಬಾಸ, “ಮರ್ಸಿಗೆ ಹೇಳ್ರಿ. ಅವರವ್ವಗ ಬ್ಯಾಡ,” ಎಂದ. ಎರಡು ದಿನದ ಹಿಂದೆ ದೂರುದಾರಳಾಗಿ ಸಹಿ ಮಾಡಿದ್ದ ಮೇಜಿನ ಮೇಲೆಯೇ ಅವಳು ಆರೋಪಿಯ ಮಗಳಾಗಿ ಸಹಿ ಮಾಡಿದಳು.

ಮೆಟ್ಟಿಲಿಳಿಯುವಾಗ ತಾಯಿ ರೋಸಮ್ಮನ ಫೋನ್ ಬಂತು.

“ನಿಮ್ಮಪ್ಪ ಹೊಲದಿಂದ ಬಂದೇ ಇಲ್ಲ. ನಿನ್ನ ಕಡಿ ಬಂದಾನೇನ?”

“ಹೂಂ. ಇಲ್ಲೇ ಇದ್ದಾನ.”

“ಫೋನ್ ಯಾಕ ಎತ್ತಂಗಿಲ್ಲ ಮತ್ತ?”

“ಚಾರ್ಜ್ ಇಲ್ಲವ್ವ.”

“ಉಂಡಾನೇನ?”

ಮರ್ಸಿ ಠಾಣೆಯ ಬಾಗಿಲ ಕಡೆ ನೋಡಿದಳು. “ಉಣ್ಣಸ್ತೇನಿ ತಗೋ.”

ತಾಯಿಗಾಗಲಿ, ಆಸ್ಪತ್ರೆಯಲ್ಲಾಗಲಿ, ಚರ್ಚಿನಲ್ಲಾಗಲಿ, ನಡೆದದ್ದನ್ನು ಯಾರಿಗೂ ಹೇಳುವುದಿಲ್ಲ ಎಂದು ಫೋನ್ ಇಡುವ ಮೊದಲೇ ಅವಳು ನಿರ್ಧರಿಸಿದ್ದಳು.