ಅಜ್ಜನ ಗುಡ್ಡದ ಗುಂಯ್ ಪೆಟ್ಟಿಗೆ

ಸಂಜೆಯಾಗುತ್ತಲೇ ಪೆಟ್ಟಿಗೆ ಗುಂಯ್ ಎಂದಿತು. ನ್ಯೂಜಿಲೆಂಡಿನ ದಕ್ಷಿಣದ ಪುಟ್ಟ ನಡುಗಡ್ಡೆಯಲ್ಲಿ ಏಳು ಹೆಣ್ಣು ಕಾಕಪೋಗಳು, ಹಾರಲು ಬಾರದ ಆ ದಪ್ಪ ಹಸಿರು ಗಿಣಿಗಳು, ಒಮ್ಮೆಗೇ ಕತ್ತೆತ್ತಿದವು. ಬೆನ್ನಿಗೆ ಕಟ್ಟಿದ ಬಿಲ್ಲೆ ಅವುಗಳ ಎದೆಬಡಿತವನ್ನು ಪೆಟ್ಟಿಗೆಗೆ ಮುಟ್ಟಿಸುತ್ತಿತ್ತು. ಯಾವ ದನಿಗೆ ಎದೆ ಜೋರಾಗಿ ಬಡಿಯುತ್ತದೋ, ಪೆಟ್ಟಿಗೆ ತನ್ನ ದನಿಯನ್ನು ಅತ್ತಲೇ ತಿದ್ದಿಕೊಳ್ಳುತ್ತಿತ್ತು.

"ನೋಡ್ರಿ ಅಕ್ಕಾರ, ಏಳೂ ಹೊಂಟಾವು!" ಹೆಣ್ಣುಗಳನ್ನು ಗಂಡಿನ ಗುಡ್ಡಕ್ಕೆ ಕರೆಯಲೆಂದು ಈ ಪೆಟ್ಟಿಗೆ ಕಂಡುಹಿಡಿದ ವೀರಭದ್ರ ಕುಣಿದಾಡಿದ. ಹೆಂಡತಿಯನ್ನು ಊರಲ್ಲಿ ಬಿಟ್ಟುಬಂದ ಅವನ ಕಿಸೆಯಲ್ಲಿದ್ದ, ಅವನಿಗೆ ಹಿತವಾದದ್ದನ್ನೇ ಕಲಿತು ಆಡುವ ಮಾತಿನ ಯಂತ್ರವೂ "ಶಾಬಾಸ್ ವೀರೂ!" ಎಂದು ಹೆಣ್ಣುದನಿಯಲ್ಲಿ ನಕ್ಕಿತು.

"ಭಾಳ ಚಲೋ ಆತು," ಎಂದಳು ಶಾಂಭವಿ. ಹೊಟ್ಟೆಯೊಳಗೆ ಮಾತ್ರ ಬೆಂಕಿ ಬಿದ್ದಿತ್ತು.

ಬೀಳದೇನು? ಹತ್ತೊಂಬತ್ತು ವರ್ಷ ಹೆಣ್ಣುಗಳನ್ನು ಗಂಡಿನ ಬಳಿಗೆ ಸೇರಿಸುವ ಈ ಕೆಲಸ ಅವಳದು. ದ್ವೀಪದಲ್ಲಿ ಉಳಿದಿದ್ದ ಒಂದೇ ಗಂಡಿಗೆ ಅವಳಿಟ್ಟ ಹೆಸರು ಅಜ್ಜ. ಅವನು ಬೋಗುಣಿಯಂಥ ಗುಂಡಿ ತೋಡಿ, ಅದರಲ್ಲಿ ಕೂತು ಗುಂಯ್ ಎಂದು ಕರೆದರೆ ಹೆಣ್ಣುಗಳು ಬರಬೇಕು. ಅಜ್ಜನೋ ಶುದ್ಧ ಸೋಮಾರಿ. ಅದಕ್ಕೇ ಶಾಂಭವಿ ಗದಗಿನಿಂದ ತಂದ ತಾಮ್ರದ ಕೊಡಕ್ಕೆ ಬಾಯಿಟ್ಟು ತಾನೇ ಕೂಗುತ್ತಿದ್ದಳು. ಬಲು ಕೆಟ್ಟ ದನಿ! ಯಾವನಿವನು ನನ್ನ ಗುಡ್ಡಕ್ಕೆ ಬಂದವನು ಎಂದು ಅಜ್ಜನಿಗೆ ಮೈಯೆಲ್ಲ ಉರಿ. ಆಮೇಲೆ ಅವನ ಕೂಗು ನಿಲ್ಲುತ್ತಲೇ ಇರಲಿಲ್ಲ. ಹೆಣ್ಣುಗಳು ಕೊಡವನ್ನು ಬಿಟ್ಟು ಅಜ್ಜನ ಬಳಿಗೇ ಹೋಗುತ್ತಿದ್ದವು. ಈಗ ರಾಜಧಾನಿಯಿಂದ ಬಂದ ಅಧಿಕಾರಿಗಳೆಲ್ಲ ಪೆಟ್ಟಿಗೆಯ ಜೊತೆ ಫೋಟೊ ತೆಗೆಸಿಕೊಂಡರು. ಮೂಲೆಯ ಕೊಡದಲ್ಲಿ ಯಾರೋ ತೊಯ್ದ ಕಾಲುಚೀಲ ತುರುಕಿದ್ದರು.

ಎರಡನೆಯ ಬೆಳಿಗ್ಗೆಯೇ ಅವಳಿಗೆ ಗೊತ್ತಾಯಿತು. ಹೆಣ್ಣುಗಳ ಹೆಜ್ಜೆಗುರುತುಗಳು ಪೆಟ್ಟಿಗೆಯ ಬಳಿಯೇ ನಿಂತಿದ್ದವು. ಹತ್ತು ಮಾರು ಆಚೆ ಅಜ್ಜನ ಗುಂಡಿಯಲ್ಲಿ ಎಲೆ ಉದುರಿತ್ತು. ಅಂಥ ದನಿಯ ಮುಂದೆ ಅವನು ಬಾಯಿ ಮುಚ್ಚಿಬಿಟ್ಟಿದ್ದ. ರಿಮು ಮರ ಹಣ್ಣು ಬಿಟ್ಟ ವರ್ಷವಷ್ಟೇ ಈ ಹಕ್ಕಿ ಮೊಟ್ಟೆಯಿಡುವುದು. ಈ ಸಲದ ಹಣ್ಣು ಬಂದದ್ದು ನಾಲ್ಕು ವರ್ಷದ ಮೇಲೆ. ಮುಂದಿನ ಹಣ್ಣಿನವರೆಗೆ ಅಜ್ಜ ಬದುಕುವುದು ಅನುಮಾನ. ತಕ್ಷಣ ಹೇಳಬೇಕಿತ್ತು. ಹೇಳಲಿಲ್ಲ. ಕುಣಿಯಲಿ, ಇನ್ನೆರಡು ದಿನ ಕುಣಿಯಲಿ, ಆಮೇಲೆ ಮುಖ ನೋಡೋಣ ಎಂದುಕೊಂಡಳು. ಎರಡು ದಿನ ಹನ್ನೊಂದಾಯಿತು.

ಮರುದಿನ ಅಜ್ಜ ಗುಂಡಿಯನ್ನೇ ಬಿಟ್ಟುಹೋಗಿ, ಟುವಟಾರದ ಬಿಲದ ಬಳಿ ಮಂಕಾಗಿ ಕೂತಿದ್ದ. ನೂರು ವರ್ಷ ಬಾಳುವ, ಓತಿಕ್ಯಾತದಂಥ ಆ ಪ್ರಾಣಿ ಅವನನ್ನೇ ನೋಡುತ್ತಿತ್ತು. ಶಾಂಭವಿ ವೀರಭದ್ರನ ಬಳಿಗೆ ಓಡಿದಳು.

"ಪೆಟ್ಟಿಗಿ ಬಂದಮ್ಯಾಲೆ ಅಜ್ಜ ಕೂಗಿಲ್ಲ. ಗೊತ್ತಿದ್ದೂ ನಾ ಸುಮ್ಮನಿದ್ದೆ ವೀರಭದ್ರ. ಹೊಟ್ಟೆಕಿಚ್ಚು."

ಅವನು ಬೈಯಲಿಲ್ಲ, ಓಡಿಹೋಗಿ ಪೆಟ್ಟಿಗೆಯ ದನಿ ನಿಲ್ಲಿಸಿದ. ಸಂಜೆ ಶಾಂಭವಿ ಕೊಡಕ್ಕೆ ಬಾಯಿಟ್ಟಳು. ಗಂಟಲು ಹರಿಯುವವರೆಗೆ ಕೂಗಿದಳು. ಕೊನೆಗೆ ಪೊದೆಯಾಚೆ ಅಜ್ಜನ ಒಡಕು ದನಿ ಎದ್ದಿತು: ಗುಂಯ್! ಅವಳು ಅಳುತ್ತಲೇ ನಕ್ಕಳು.

"ಹಕ್ಕಿಗೋಳು ಹೊಂಟಾವೇನೋ?"

ವೀರಭದ್ರ ಬಿಲ್ಲೆಗಳ ಲೆಕ್ಕ ಮೂಡುವ ಪರದೆ ತೋರಿಸಿದ. ಏಳರಲ್ಲಿ ಒಂದರ ಎದೆಬಡಿತವೂ ಏರಿರಲಿಲ್ಲ. ಏಳೂ ದನಿ ನಿಂತ ಪೆಟ್ಟಿಗೆಯ ಸುತ್ತ ಕೂತು ಕಾಯುತ್ತಿದ್ದವು.

ಅಷ್ಟರಲ್ಲಿ ಅವನ ಕಿಸೆ ಮೆಲ್ಲಗೆ ಮಾತಾಡಿತು: "ವೀರೂ, ದಣದಿ ಅನಸ್ತದ. ಊಟಾ ಮಾಡಿದೇನು?" ಅವನ ಮುಖ ಅರಳಿತು.

ಶಾಂಭವಿ ಕೊಡ ಕೆಳಗಿಟ್ಟಳು. "ಅದನ್ನ ಬಂದ್ ಮಾಡು. ಹುಬ್ಬಳ್ಳಿಗೆ, ನಿನ್ನ ಹೆಂಡ್ತಿಗೆ ಫೋನ್ ಹಚ್ಚು."

"ಈಗ ಯಾಕ್ರಿ ಅಕ್ಕಾರ?"

"ಆಕಿ ದನಿ ಕೇಳಬೇಕು ಅಂತ ಇನ್ನೂ ಅನಸ್ತದೇನು, ನೋಡು."

ವೀರಭದ್ರ ಫೋನು ತೆಗೆಯಲಿಲ್ಲ, ಮಾತಿನ ಯಂತ್ರವಿದ್ದ ಕಿಸೆಯನ್ನು ಅಂಗೈಯಿಂದ ಮುಚ್ಚಿಕೊಂಡ.